ಹಳೆಯ ಸೌಂಡ್ ಕಾರ್ಡು ನುಡಿಯುವುದು ಯಾರ ದನಿ?

ಸೊರಬ ಸೀಮೆಯ ಕ್ಯಾಸನೂರನ್ನು ಜಗತ್ತು 1957ರಿಂದೀಚೆಗೆ ಮಂಗನ ಕಾಯಿಲೆಯಿಂದಷ್ಟೇ ಗುರುತಿಸುತ್ತದೆ. ಆ ಸೀಮೆಗೆ ಇದು ಅನ್ಯಾಯವೇ ಸರಿ. ಅದೇ ಸೊರಬ-ಶಿಕಾರಿಪುರ ಭಾಗದ ಬಳ್ಳಿಗಾವಿಯ ಕೋಡಿಮಠದಲ್ಲಿ ನ್ಯಾಯ, ಮೀಮಾಂಸೆ, ಸಾಂಖ್ಯಗಳ ಪಾಠ ನಡೆಯುತ್ತಿತ್ತೆಂದು 1162ರ ಶಾಸನ ಹೇಳುತ್ತದೆ. ಈ ದರ್ಶನಗಳ ನಡುವೆ ಶಬ್ದದ ಬಗ್ಗೆ ಒಂದು ಜಗಳವಿತ್ತು. ಶಬ್ದ ನಿತ್ಯ, ಉಚ್ಚಾರಣೆ ಅದನ್ನು ಪ್ರಕಟಿಸುತ್ತದಷ್ಟೆ ಎಂದು ಮೀಮಾಂಸಕರು. ಶಬ್ದ ಹುಟ್ಟುತ್ತದೆ, ಅಳಿಯುತ್ತದೆ ಎಂದು ನೈಯಾಯಿಕರು. ಈ ಜಗಳ ಮುಗಿದಿಲ್ಲ, ಕಂಪ್ಯೂಟರಿನ ಮುಂದೆ ಕೂತರೂ ಏಳುತ್ತದೆ. 1987ರ ಆಡ್‌ಲಿಬ್ ಎಂಬ ಸೌಂಡ್ ಕಾರ್ಡಿಗೆ ಬರೆದ ಆಟದ ಸಂಗೀತವನ್ನು ಇಂದಿನ ಲ್ಯಾಪ್‌ಟಾಪಿನಲ್ಲಿ ಡಾಸ್‌ಬಾಕ್ಸ್ ಎಂಬ ಅನುಕರಣ ತಂತ್ರಾಂಶ ನುಡಿಸಿದಾಗ ಕೇಳುವುದು ಅದೇ ನಾದವೋ, ಅದರ ಅಣಕವೋ?

ಅದೇ ನಾದ ಎಂಬುದು ನನ್ನ ವಾದ. ಆ ಕಾರ್ಡಿನ ಯಮಹಾ ವೈಎಂ3812 ಚಿಪ್ಪಿನಲ್ಲಿ ಯಾವ ಸಂಗೀತವೂ ತುಂಬಿರಲಿಲ್ಲ. ಆಟದ ಪ್ರೋಗ್ರಾಂ ಒಂದು ಪೋರ್ಟಿಗೆ ಚಿಪ್ಪಿನ ರಿಜಿಸ್ಟರಿನ (ಅಂಕಿ ಇಡುವ ಗೂಡಿನ) ಸಂಖ್ಯೆ, ಪಕ್ಕದ ಪೋರ್ಟಿಗೆ ಅದರಲ್ಲಿ ಬರೆಯಬೇಕಾದ ಅಂಕಿ ಕಳಿಸುತ್ತಿತ್ತು. ಒಂದು ಅಲೆಯಿಂದ ಇನ್ನೊಂದನ್ನು ತಿದ್ದುವ ಲೆಕ್ಕದಲ್ಲಿ ಒಂಬತ್ತು ದನಿಗಳು ಏಳುತ್ತಿದ್ದವು. ಅಂಕಿಗಳೂ ಲೆಕ್ಕವೂ ಉಳಿದರೆ ಸಂಗೀತವೂ ಉಳಿಯಿತು. ಚಿಪ್ಪು ಬರೀ ವ್ಯಂಜಕ, ಅಂದರೆ ಪ್ರಕಟಿಸುವ ಸಾಧನ. ನೈಯಾಯಿಕರು ಸುಮ್ಮನಿರುವವರಲ್ಲ: ಕ್ಷಣಕ್ಷಣಕ್ಕೂ ಹೊಸದಾಗುವ ಜ್ವಾಲೆಯನ್ನು 'ಅದೇ ದೀಪ' ಎಂದಂತೆ ಇದೂ ಹೋಲಿಕೆಯ ಮೋಸ ಎನ್ನುತ್ತಾರೆ. ಹಳೆಯ ಕಾರ್ಡಿನ ಗುಂಯ್ ಸದ್ದು, ಅದರ ಆಂಪ್ಲಿಫೈಯರಿನ ಒರಟುತನ ಹೊಸದರಲ್ಲಿ ಇಲ್ಲ, ನಿಜ. ಆದರೆ ಏರು-ತಗ್ಗುಗಳನ್ನು ಮೀಮಾಂಸಕರು ಧ್ವನಿಯ ಪಾಲಿಗೆ ಬಿಟ್ಟು, ಶಬ್ದವನ್ನು ಬೇರೆಯಾಗಿ ಇಟ್ಟದ್ದು ಇಂಥ ಆಕ್ಷೇಪಕ್ಕೇ. ಅವರು ಹೇಳಿದ್ದು ವರ್ಣಗಳನ್ನು ಕುರಿತು, ಆಟದ ತಮಟೆಯನ್ನಲ್ಲ. ಆ ಮಟ್ಟಿಗೆ ನಾನು ಅವರ ಮಾತನ್ನು ಎಳೆದಿದ್ದೇನೆ.

ಹಾಗಾದರೆ ಕಾರ್ಡನ್ನು ಗುಜರಿಗೆ ಹಾಕಬಹುದೇ? ಅಷ್ಟು ಸಲೀಸಲ್ಲ. ಪ್ರಕಟಿಸುವ ಬಗೆ ಬಲ್ಲವರಿಲ್ಲದಿದ್ದರೆ ನಿತ್ಯ ಶಬ್ದವೂ ಮೂಕ. 1998ರ ಸೌಂಡ್ ಬ್ಲಾಸ್ಟರ್ ಲೈವ್ ಕಾರ್ಡನ್ನೇ ನೋಡಿ. ಅದನ್ನು ನುಡಿಸುವ ಬಗೆ ಬಲ್ಲದ್ದು ಡ್ರೈವರ್ ಎಂಬ ತಂತ್ರಾಂಶ. ವಿಸ್ಟಾದಿಂದ ಈಚಿನ 64 ಬಿಟ್ ವಿಂಡೋಸ್ ಡಿಜಿಟಲ್ ಸಹಿಯಿಲ್ಲದ ಡ್ರೈವರನ್ನು ಸಾಮಾನ್ಯವಾಗಿ ಒಳಗೆ ಬಿಡುವುದಿಲ್ಲ. ಹಳೆಯ 32 ಬಿಟ್ ಡ್ರೈವರಂತೂ ಅಲ್ಲಿ ನಡೆಯುವುದೇ ಇಲ್ಲ. ಅದೇ ಕಾರ್ಡನ್ನು ಪಿಸಿಐ ಸ್ಲಾಟಿರುವ ಯಂತ್ರಕ್ಕೆ ಸಿಕ್ಕಿಸಿ ಲಿನಕ್ಸ್ ಹಾಕಿದರೆ ಅದರ ಧ್ವನಿ ವ್ಯವಸ್ಥೆಯಾದ ಆಲ್ಸಾದ ಡ್ರೈವರು ಕಾರ್ಡನ್ನು ಗುರುತಿಸುತ್ತದೆ. ಬೋರ್ಡು ಅದೇ, ಚಿಪ್ಪೂ ಅದೇ. ಲಿನಕ್ಸ್ ಡ್ರೈವರಿನ ಸೋರ್ಸ್ ಕೋಡ್ ಎಲ್ಲರ ಕೈಗೂ ಸಿಕ್ಕಿದ್ದರಿಂದ ಯಾರು ಬೇಕಾದರೂ ಅದನ್ನು ಹೊಸ ಕರ್ನಲ್ಲಿಗೆ ತಿದ್ದಿಕೊಳ್ಳಬಹುದು. ಅದಕ್ಕೇ, ಒಂದು ಕಾರ್ಡಿಗೆ ಡ್ರೈವರ್ ಕೊಡುವುದನ್ನು ನಿಲ್ಲಿಸುವ ಕಂಪನಿ ಅದೇ ದಿನ ಅದರ ರಿಜಿಸ್ಟರುಗಳ ವಿವರವನ್ನು ಬಹಿರಂಗಪಡಿಸಬೇಕು. ಸರ್ಕಾರಗಳು ಇದನ್ನು ಕಾನೂನಾಗಿಯೇ ಮಾಡಲಿ.