ನಿದ್ರಿಸುವ ಶಿಶುವಿನ ಪ್ರಾಣವನ್ನು ಕಾಯುವವರು ಯಾರು?

ನಿದ್ರಿಸುವವನೊಳಗೆ ಎಚ್ಚರವಾಗಿರುವುದು ಯಾವುದು ಎಂದು ಪ್ರಶ್ನೋಪನಿಷತ್ತಿನಲ್ಲಿ ಗಾರ್ಗ್ಯನು ಕೇಳಿದಾಗ, ಇಂದ್ರಿಯಗಳೆಲ್ಲ ಮನಸ್ಸಿನಲ್ಲಿ ಒಂದಾದ ಮೇಲೂ ದೇಹವೆಂಬ ಪುರದಲ್ಲಿ ಪ್ರಾಣಾಗ್ನಿಗಳು ಎಚ್ಚರವಾಗಿರುತ್ತವೆ ಎಂದು ಋಷಿ ಪಿಪ್ಪಲಾದರು ಉತ್ತರಿಸುತ್ತಾರೆ. ಮಾಧ್ವ ಪರಂಪರೆಯು ಈ ಎಚ್ಚರವನ್ನು ಮುಖ್ಯಪ್ರಾಣನ, ಎಂದರೆ ವಾಯುದೇವನ, ಕಾರ್ಯವೆಂದು ತಿಳಿದು, ಅವನು ಪ್ರತಿ ಜೀವಿಯೊಳಗೂ ದಿನಕ್ಕೆ 21,600 ಬಾರಿ ಉಸಿರಿನ ರೂಪದಲ್ಲಿ ಹಂಸಮಂತ್ರವನ್ನು ಜಪಿಸುತ್ತಾನೆ ಎನ್ನುತ್ತದೆ. ನಿಮಿಷಕ್ಕೆ ಹದಿನೈದಾಗುವ ಈ ಲೆಕ್ಕ ವಯಸ್ಕರದು, ನವಜಾತ ಶಿಶುವಿನ ಉಸಿರು ನಿಮಿಷಕ್ಕೆ 30ರಿಂದ 60ರವರೆಗೆ ಇರುತ್ತದೆ.

ಇಂದು ಮನೆಯಲ್ಲಿ ಶಿಶುವನ್ನು ಕಾಯಲೆಂದು ಅದರ ಪಾದಕ್ಕೆ ಕಟ್ಟುವ ಆಕ್ಸಿಮೀಟರ್ ಕೆಂಪು ಮತ್ತು ಅವಕೆಂಪು ಬೆಳಕನ್ನು ಹಾಯಿಸಿ, ರಕ್ತದ ಹಿಮೋಗ್ಲೋಬಿನ್ನಿನಲ್ಲಿ ಆಮ್ಲಜನಕವನ್ನು ಹೊತ್ತ ಭಾಗವೆಷ್ಟು ಎಂಬುದನ್ನು ಶೇಕಡಾವಾರು ತೋರಿಸುತ್ತದೆ. ಆರೋಗ್ಯವಂತ ಶಿಶುವಿನಲ್ಲಿ ಅದು ಸಾಮಾನ್ಯವಾಗಿ 95ರಿಂದ 100ರೊಳಗಿದ್ದರೂ, ಎಳೆಗೂಸು ನಿದ್ದೆಯಲ್ಲಿ ಬೇಗಬೇಗ ಉಸಿರೆಳೆದು, 5ರಿಂದ 10 ಸೆಕೆಂಡು ಸುಮ್ಮನಾಗಿ, ಮತ್ತೆ ಉಸಿರಾಡುವ ಆವರ್ತಕ ಉಸಿರಾಟದಿಂದ ಆ ಅಂಕಿ ಕ್ಷಣಕಾಲ ಇಳಿದು ಏರುವುದುಂಟು.

ಹಾಗಾದರೆ ಅಂಕಿಯನ್ನು ನೋಡುತ್ತ ಕೂರುವುದು ಕಾಯುವುದಾದೀತೇ? ಆಗದು, ಏಕೆಂದರೆ ಅರಿವು ಬೇರೆ, ರಕ್ಷಣೆ ಬೇರೆ. ಆರೋಗ್ಯವಂತ ಶಿಶುವಿನ ಹಠಾತ್ ಸಾವನ್ನು ತಡೆಯಲು ಮನೆಯ ಮಾಪಕಗಳನ್ನು ನೆಚ್ಚಬಾರದೆಂದು ಅಮೆರಿಕದ ಮಕ್ಕಳ ವೈದ್ಯರ ಅಕಾಡೆಮಿಯೂ ಹೇಳಿದೆ. ಪ್ರಾಣದ ಮೇಲಿನ ಶ್ರದ್ಧೆಯು ಕರ್ತವ್ಯದಿಂದ ವಿನಾಯಿತಿಯಲ್ಲ ಎಂಬುದೂ ಅಷ್ಟೇ ನಿಜ. ಮಗುವನ್ನು ಗಟ್ಟಿಯಾದ, ಸಮತಟ್ಟಾದ ಹಾಸಿಗೆಯ ಮೇಲೆ ಅಂಗಾತ ಮಲಗಿಸಬೇಕು, ದಿಂಬು ಇಡಬಾರದು, ಬಳಿಯಲ್ಲಿ ಬೀಡಿ ಸಿಗರೇಟು ಸೇದಬಾರದು. ತುಟಿ ನೀಲಿಗಟ್ಟಿದರೆ ಅಥವಾ ಉಸಿರು 20 ಸೆಕೆಂಡು ನಿಂತರೆ ತಡಮಾಡದೆ ಆಸ್ಪತ್ರೆಗೆ ಒಯ್ಯಬೇಕು. ಇಷ್ಟನ್ನು ಮಾಡಿದ ತಾಯಿ ನಿಶ್ಚಿಂತೆಯಿಂದ ಮಲಗಲಿ, ಮನೆಯವರು ಅವಳಿಗೆ ಆ ನಿದ್ದೆಯನ್ನು ಒದಗಿಸಲಿ.