ಬಲೆಯೂ ಸಂಕಲ್ಪವೂ

ಪಾಪವು ಸಂಕಲ್ಪದಲ್ಲಿರುವುದೋ ಫಲದಲ್ಲಿರುವುದೋ ಎಂಬುದು ಪುರಾತನವಾದ ಪ್ರಶ್ನೆ. ಮೆಕ್ಸಿಕೋ ದೇಶದ ಕ್ಯಾಲಿಫೋರ್ನಿಯಾ ಕೊಲ್ಲಿಯ ಉತ್ತರ ಭಾಗದಲ್ಲಿ ಮಾತ್ರವೇ ವಾಸಿಸುವ ವಕೀಟಾ ಎಂಬ ಜಲಚರದ ಗತಿಯು ಅದನ್ನು ಮತ್ತೆ ಎತ್ತಿ ನಿಲ್ಲಿಸಿದೆ. ಮರಿಗೆ ಮೊಲೆಯೂಡಿ ಸಾಕುವ ಈ ಪುಟ್ಟ ಪ್ರಾಣಿಯನ್ನು ಬೇಟೆಯಾಡುವವರಿಲ್ಲ. ಸೀಗಡಿಗೂ ಟೊಟೊಆಬಾ ಎಂಬ ಮೀನಿಗೂ ಒಡ್ಡಿದ, ನೀರೊಳಗೆ ಗೋಡೆಯಂತೆ ನಿಲ್ಲುವ ಬಲೆಗಳಲ್ಲಿ ಅದು ಸಿಕ್ಕಿಕೊಂಡು, ಶ್ವಾಸಕ್ಕಾಗಿ ಮೇಲಕ್ಕೇಳಲಾರದೆ ಸಾಯುತ್ತದೆ. 1997ರಲ್ಲಿ ಸುಮಾರು 570 ಇದ್ದ ಸಂತತಿಯಲ್ಲಿ, 2023ರ ಶೋಧನೆಯ ಹೊತ್ತಿಗೆ 10ರಿಂದ 13 ಮಾತ್ರ ಕಂಡುಬಂದುವು. ಟೊಟೊಆಬಾ ಹಿಡಿಯುವುದನ್ನು ಶಾಸನವು 1975ರಲ್ಲಿಯೇ ನಿಷೇಧಿಸಿತು. ಆದರೆ ಅದರ ಗಾಳಿಚೀಲಕ್ಕೆ ಚೀನದಲ್ಲಿ ದೊರೆಯುವ ಭಾರೀ ಬೆಲೆಯು ಕಳ್ಳಬಲೆಯನ್ನು ನಿಲ್ಲಗೊಡಲಿಲ್ಲ.

ಕೊಲ್ಲಬೇಕೆಂದು ಯಾರೂ ನೆನೆಯಲಿಲ್ಲ, ಕೊಲೆಯಂತೂ ನಡೆಯಿತು. ಮೊದಲ ದಿನ ಬಲೆಯೊಡ್ಡಿದವನು ಅರಿಯದೆ ಮಾಡಿದನೆನ್ನಬಹುದು. ಫಲವನ್ನು ಕಣ್ಣಾರೆ ಕಂಡ ಮೇಲೆಯೂ ಅದೇ ಬಲೆಯನ್ನು ಅಲ್ಲಿಯೇ ಒಡ್ಡಿದರೆ, ಆ ಫಲವು ಸಂಕಲ್ಪದ ಅಂಗವೇ ಆಗುತ್ತದೆ. ಹಾಗೆಂದು ದೋಷವನ್ನೆಲ್ಲ ಬೆಸ್ತನ ತಲೆಗೆ ಕಟ್ಟುವುದು ನ್ಯಾಯವಲ್ಲ. ಅವನ ಮನೆಯ ಒಲೆಯೂ ಉರಿಯಬೇಕಷ್ಟೆ. ದೂರದಲ್ಲಿ ಕುಳಿತು ಬೆಲೆಯನ್ನು ತೆರುವವನೂ, ಬೇರೊಂದು ಜೀವನೋಪಾಯವನ್ನು ಕಲ್ಪಿಸದೆ ನಿಷೇಧವನ್ನು ಮಾತ್ರ ವಿಧಿಸುವ ಪ್ರಭುತ್ವವೂ ಆ ಬಲೆಯ ಹಗ್ಗವನ್ನು ಹಿಡಿದವರೇ. ಪಾಪವು ಹಂಚಿಹೋದ ಮಾತ್ರಕ್ಕೆ ಒಬ್ಬೊಬ್ಬನ ಪಾಲೂ ಹಗುರಾಗುವುದಿಲ್ಲ.