ಗಾನವೂ ಅಭಿಚಾರವೂ

ಮನುಸ್ಮೃತಿಯ ನಾಲ್ಕನೆಯ ಅಧ್ಯಾಯದಲ್ಲಿ ಒಂದು ವಿಚಿತ್ರವಾದ ವಿಧಿಯಿದೆ. ಸಾಮಗಾನದ ಧ್ವನಿಯು ಕಿವಿಗೆ ಬೀಳುತ್ತಿರುವಾಗ ಋಗ್ಯಜುಸ್ಸುಗಳ ಅಧ್ಯಯನವನ್ನು ನಿಲ್ಲಿಸಬೇಕು. ಋಗ್ವೇದವು ದೇವತೆಗಳದು, ಯಜುರ್ವೇದವು ಮನುಷ್ಯರದು, ಸಾಮವಾದರೋ ಪಿತೃಗಳದು, ಆದಕಾರಣ ಅದರ ಧ್ವನಿಯು ಅಶುಚಿ ಎಂದು ಅಲ್ಲಿ ಹೇಳಿದೆ. ವೇದಗಳಲ್ಲಿ ಸಾಮವೇದವೇ ತಾನೆಂದು ಭಗವಂತನು ಗೀತೆಯಲ್ಲಿ ಹೇಳಿಕೊಂಡಿರುವುದನ್ನು ಬಲ್ಲವರಿಗೆ ಇದು ಸೋಜಿಗವಾಗಿ ತೋರದಿರದು. ಕುಲ್ಲೂಕಭಟ್ಟನು ಈ ತೊಡಕನ್ನು ಕಂಡು, ಸಾಮವು ನಿಜವಾಗಿ ಅಶುಚಿಯಲ್ಲ, ಅಶುಚಿಯೋ ಎಂಬಂತೆ ಇದೆ ಎಂದಷ್ಟೇ ತಿಳಿಯಬೇಕೆಂದು ಸಮಾಧಾನ ಹೇಳಿರುವನು. ನನಗೆ ಈ ಸಮಾಧಾನವು ಸಾಲದು. ಈ ವಿಧಿಯ ಹಿಂದೆ ಒಂದು ಅಂಜಿಕೆಯಿರುವಂತೆ ತೋರುತ್ತದೆ.

ಅಂಜಿಕೆಯ ಕಾರಣವನ್ನು ಹುಡುಕಲು ಬಹುದೂರ ಹೋಗಬೇಕಾಗಿಲ್ಲ. ಸಾಮಗಾನಗಳಲ್ಲಿ ಗ್ರಾಮಗೇಯ, ಅರಣ್ಯಗೇಯ ಎಂದು ಎರಡು ಬಗೆಯುಂಟು. ಮೊದಲನೆಯದು ಊರಿನಲ್ಲಿ ಹಾಡತಕ್ಕದ್ದು. ಎರಡನೆಯದು ಜನವಸತಿಯಿಂದ ದೂರವಾಗಿ ಕಾಡಿನಲ್ಲಿ ಅಭ್ಯಸಿಸತಕ್ಕದ್ದು. ಇದಲ್ಲದೆ ಸಾಮವಿಧಾನಬ್ರಾಹ್ಮಣವೆಂದು ಮೂರು ಪ್ರಪಾಠಕಗಳ ಚಿಕ್ಕ ಗ್ರಂಥವೊಂದಿದೆ. ಯಾವ ಸಾಮವನ್ನು ಯಾವ ವಿಧಿಯಿಂದ ಹಾಡಿದರೆ ಧನವು, ಆಯುಸ್ಸು, ಶತ್ರುಜಯವು, ಪರರ ವಶೀಕರಣವು ಲಭಿಸುವುದೆಂಬುದೇ ಅದರ ಬಹುಭಾಗ. ಹಾಡುವವನು ಮೊದಲು ಕೃಚ್ಛ್ರಾದಿ ವ್ರತಗಳಿಂದ ದೇಹವನ್ನು ದಂಡಿಸಿ ಶುದ್ಧನಾಗಬೇಕೆಂಬ ಕಟ್ಟಳೆಯೂ ಅಲ್ಲಿದೆ. ಸಾಯಣಭಾಷ್ಯದೊಡನೆ ಇದನ್ನು 1873ರಲ್ಲಿ ಲಂಡನ್ನಿನಲ್ಲಿ ಅಚ್ಚು ಹಾಕಿಸಿದವನು ಬರ್ನೆಲ್ ಎಂಬ ಆಂಗ್ಲ ನ್ಯಾಯಾಧೀಶನು. ನಮ್ಮ ಮಂಗಳೂರಿನಲ್ಲಿಯೂ ಅಧಿಕಾರದಲ್ಲಿದ್ದ ಈತನೇ ತುಳುವರ ಭೂತಗಳ ಪಾಡ್ದನಗಳನ್ನೂ ಸಂಗ್ರಹಿಸಿದನು. ಅವು ಬೆಳಕು ಕಂಡುದು ಅವನು 1882ರಲ್ಲಿ ತೀರಿಕೊಂಡ ಎಷ್ಟೋ ವರ್ಷಗಳ ಮೇಲೆ. ಕಾಡಿನ ಸಾಮಕ್ಕೂ ಗುತ್ತಿನ ಮನೆಯಂಗಳದ ಪಾಡ್ದನಕ್ಕೂ ಒಂದೇ ಕಿವಿಯನ್ನು ಕೊಟ್ಟವನು ಪರದೇಶದವನಾದುದು ನಮಗೆ ಹೆಮ್ಮೆಯ ಸಂಗತಿಯಲ್ಲ.

ಹಾಡಿನಿಂದ ಪ್ರಪಂಚವು ಮಾರ್ಪಡುವುದೇ ಎಂದು ಕೇಳುವವರು ಹೆಮ್ಮಾಡಿಯ ಆಸುಪಾಸಿನಲ್ಲಿ ನಾಗಮಂಡಲ ನಡೆಯುವ ರಾತ್ರಿ ಚಪ್ಪರದ ಅಂಚಿನಲ್ಲಿ ನಿಂತು ನೋಡಬಹುದು. ಐದು ಬಣ್ಣದ ಹುಡಿಯಿಂದ ಬರೆದ ಮಂಡಲದ ಸುತ್ತಲೂ ವೈದ್ಯನು ಢಕ್ಕೆಯನ್ನು ನುಡಿಸುತ್ತ ಹಾಡುತ್ತ ಸುಳಿಯುವನು. ಹಿಂಗಾರವನ್ನು ಮುಖಕ್ಕೆ ಉಜ್ಜಿಕೊಳ್ಳುವ ಪಾತ್ರಿಯು ನೋಡನೋಡುತ್ತಿರುವಂತೆಯೇ ಬೇರೊಬ್ಬನಾಗಿಬಿಡುವನು. ಬರೆದ ಮಂಡಲವು ಹುಡಿಯಾಗಿಯೇ ಇರುವುದು, ಚಪ್ಪರದ ಕಂಬವು ಕಂಬವಾಗಿಯೇ ಇರುವುದು. ಮಾರ್ಪಟ್ಟವನು ಮನುಷ್ಯನು, ಅವನೊಡನೆ ನೋಡುವ ನಾವು. ಇದನ್ನು ಯಾವ ಶಾಸ್ತ್ರವೂ ಅಭಿಚಾರವೆನ್ನಲಾರದು. ಪಾತ್ರಿಯು ಒಪ್ಪಿಯೇ ಬಂದು ನಿಂತಿರುವನು. ಊರೇ ಕುಳಿತು ನೋಡುತ್ತಿರುವುದು.

ನಿಷಿದ್ಧವಾದುದು ಬೇರೆ. ಕೆಲವು ವರ್ಷಗಳ ಹಿಂದೆ ಧನುರ್ಮಾಸದಲ್ಲಿ, ಮಕರ ಸಂಕ್ರಮಣದ ಮಾರಣಕಟ್ಟೆ ಹಬ್ಬಕ್ಕೆಂದು ನಮ್ಮೂರ ಗದ್ದೆಗಳಲ್ಲಿ ಸೇವಂತಿಗೆಯು ಮೊಗ್ಗೊಡೆಯುತ್ತಿದ್ದ ಹೊತ್ತಿನಲ್ಲಿ, ಹೂವಿನ ಬೆಳೆಗಾರರೊಬ್ಬರು ನನ್ನಲ್ಲಿಗೆ ಬಂದರು. ಮುಂಬಯಿಯ ಹೋಟೆಲಿಗೆ ಹೋದ ಅವರ ಮಗನು ಐದು ವರ್ಷಗಳಿಂದ ಊರಿಗೆ ಮುಖ ತೋರಿಸಿರಲಿಲ್ಲ. ಸಾಮವೇದದಲ್ಲಿ ಮನಸ್ಸನ್ನು ತಿರುಗಿಸುವ ಹಾಡುಗಳಿವೆಯೆಂದು ಯಾರೋ ಅವರಿಗೆ ಹೇಳಿದ್ದರು. ಅಂತಹ ಪ್ರಯೋಗವು ಸಲ್ಲದೆಂದೆನು. “ಪುಸ್ತಕದಗೆ ಇದ್ದದ್ ಹೌದಾರೆ ಹೇಳುಕೆ ಎಂತ ಅಡ್ಡಿ ಮಾಷ್ಟ್ರೇ? ಫಲ ಸಿಕ್ಕದಿದ್ರೆ ಯಾರಿಗೆ ನಷ್ಟ?” ಎಂದು ಅವರು ಕೇಳಿದರು.

ಆ ಎರಡನೆಯ ಪ್ರಶ್ನೆಯು ಸಾಮಾನ್ಯವಾದುದಲ್ಲ. ಫಲಿಸದ ಮಾಟದಿಂದ ಕೆಟ್ಟವರಾರು? ಇದಕ್ಕೆ ಉತ್ತರವನ್ನು ನಮ್ಮ ಜನ್ನಕವಿಯು 1209ರಲ್ಲಿಯೇ ಯಶೋಧರಚರಿತೆಯಲ್ಲಿ ಇಟ್ಟಿರುವನು. ತಾಯಿಯ ಮಾತಿಗೆ ಕಟ್ಟುಬಿದ್ದು ಯಶೋಧರನು ಬಲಿಕೊಟ್ಟುದು ಹಿಟ್ಟಿನ ಕೋಳಿಯನ್ನು. ಜೀವವೊಂದು ಹೋಗಲಿಲ್ಲ, ಆದರೂ ತಾಯಿಮಗನಿಬ್ಬರೂ ನಾಯಿ, ನವಿಲು ಮೊದಲಾದ ಜನ್ಮಗಳಲ್ಲಿ ತೊಳಲಿದರು. ಕತ್ತಿಯನ್ನೆತ್ತಿದ ಸಂಕಲ್ಪವೇ ಹಿಂಸೆಯಾಯಿತು. ಹಾಗೆಯೇ ಮಗನಿಗೆ ತಿಳಿಯದಂತೆ ಅವನ ಮನಸ್ಸನ್ನು ತಿರುಚಲು ತಂದೆಯು ಹಾಡಿಸಿದರೆ, ಹಾಡು ಫಲಿಸದಿದ್ದರೂ ತಂದೆಯು ಆ ಕೆಲಸವನ್ನು ಮಾಡಿಯಾಯಿತು. ಮಗನನ್ನು ಮಗನೆಂದು ಕಾಣದೆ ಮೂಗುದಾರ ಹಾಕತಕ್ಕ ಕೋಣವೆಂದು ಒಮ್ಮೆ ಕಂಡಾಯಿತು. ಇದನ್ನು ನನ್ನಿಂದಾದಷ್ಟು ತಿಳಿಯಾಗಿ ಹೇಳಿದೆನು. ಅವರು ಒಪ್ಪಲಿಲ್ಲ, ಬೇರೆ ಕಡೆ ವಿಚಾರಿಸುವೆನೆಂದು ಎದ್ದುಹೋದರು. ಹೆತ್ತವರ ಸಂಕಟದ ಮುಂದೆ ತರ್ಕವು ಬಡವಾದುದು.

ಅದೇ ಯಶೋಧರಚರಿತೆಯನ್ನೇ ಹಿಡಿದು ಆಕ್ಷೇಪಿಸುವವರು ಇರಬಹುದು. ರಾಣಿ ಅಮೃತಮತಿಯು ಕೆಟ್ಟುದು ಹಾಡಿನಿಂದಲೇ ಅಲ್ಲವೇ? ಗಜಶಾಲೆಯಲ್ಲಿ ಮಾವುತನಾದ ಅಷ್ಟಾವಂಕನು ಇರುಳ ಕೊನೆಯಲ್ಲಿ ಹಾಡಿದುದು ಅರಮನೆಯವರೆಗೆ ತೇಲಿಬಂದಿತು. ಅವನ ಕುರೂಪವನ್ನು ದೂತಿಯು ವರ್ಣಿಸಿದರೂ ರಾಣಿಯ ಮನಸ್ಸು ಹಿಂದೆಗೆಯಲಿಲ್ಲ. ಫಲದಿಂದ ಅಳೆಯುವುದಾದರೆ ಇದಕ್ಕಿಂತ ಘೋರವಾದ ವಶೀಕರಣವಿಲ್ಲ. ಆದರೆ ಮಾವುತನು ಆಗ ಯಾರನ್ನೂ ಗುರಿಯಿಟ್ಟು ಹಾಡಲಿಲ್ಲ. ಮುಂದಿನ ಅವನ ನಡತೆಯ ಮಾತು ಬೇರೆ. ಹಾಡಿದನು, ಕಿವಿಯಿದ್ದವಳು ಕೇಳಿದಳು. ಬೇಡವೆಂದು ಕಿವಿಯನ್ನು ಮುಚ್ಚಿಕೊಳ್ಳುವ ದಾರಿಯು ಅವಳಿಗೆ ತೆರೆದೇ ಇತ್ತು. ಕಾಡಿನಲ್ಲಿ ಕುಳಿತು ವಶೀಕರಣದ ಸಾಮವನ್ನು ಹಾಡುವವನಾದರೋ, ಯಾರ ಮನಸ್ಸನ್ನು ಬಯಸುವನೋ ಅವರ ಕಿವಿಗೆ ಹಾಡು ಬೀಳದಂತೆಯೇ ಹಾಡುವನು. ಎದ್ದುಹೋಗಲು ಅವರಿಗೆ ಎಡೆಯೇ ಇಲ್ಲ. ಈ ಎರಡಕ್ಕೂ ಇರುವ ದೂರವು ಊರಿಗೂ ಕಾಡಿಗೂ ಇರುವ ದೂರಕ್ಕಿಂತ ಹೆಚ್ಚಿನದೆಂದು ನನ್ನ ಮತ.

ಹಾಗಾದರೆ ಜೋಗುಳವೇನು, ಎಳೆಗೂಸಿನ ಒಪ್ಪಿಗೆಯನ್ನು ಯಾವ ತಾಯಿ ಕೇಳಿದ್ದಾಳೆ ಎಂದು ಮಿತ್ರರೊಬ್ಬರು ಕೆಣಕಿದರು. ಒಳ್ಳೆಯ ಪ್ರಶ್ನೆ. ಕೂಸಿನ ಕಿವಿಯ ಪಕ್ಕದಲ್ಲಿಯೇ ಹಾಡುವರೆಂಬುದು ಒಂದು ಉತ್ತರ. ಮತ್ತೊಂದನ್ನು ಅವರ ಮನೆಯವರನ್ನೇ ಕೇಳಿ ತಿಳಿದುಕೊಳ್ಳಲು ಹೇಳಿದೆನು. ನಡುರಾತ್ರಿಯವರೆಗೆ ಹಾಡಿಸಿಕೊಂಡು, ಕಣ್ಣು ಪಿಳಿಪಿಳಿ ಬಿಟ್ಟುಕೊಂಡೇ ಇರುವ ಕೂಸನ್ನು ತೂಗದ ತಾಯಿಯು ಈ ಸೀಮೆಯಲ್ಲಿ ಇರಲಾರಳು.